ದಾವೆಯಲ್ಲಿ ಹೆಸರಿಲ್ಲದವರ ಅಂಗಳಕ್ಕೆ ಅಮೀನರು ಬಂದರೆ

ಪ್ರಶ್ನೆ: ನಮ್ಮ ಮನೆ ಕೇರಳದ ಕಾಸರಗೋಡು ಜಿಲ್ಲೆಯ ಪೆರ್ಲದ ಸಮೀಪ. 2009ರಲ್ಲಿ ಅಪ್ಪ ಪಕ್ಕದ ಮನೆಯವರಿಂದ 18 ಸೆಂಟ್ಸ್ ಜಾಗವನ್ನು ರಿಜಿಸ್ಟರ್ ಆಧಾರ (ಕ್ರಯಪತ್ರ) ಮಾಡಿ ತೆಗೆದುಕೊಂಡರು. 2011ರಲ್ಲಿ ಅಲ್ಲಿ ಮನೆ ಕಟ್ಟಿದೆವು. 2015ರಲ್ಲಿ ಅದಕ್ಕೆ ತಾಗಿದ 10 ಸೆಂಟ್ಸನ್ನು ಅವರಿಂದಲೇ ನನ್ನ ಹೆಸರಿಗೆ ಮಾಡಿಸಿಕೊಂಡೆ. ಮನೆಗೆ ನೀರು ಬರುವ ಸುರಂಗ ಇರುವುದು ಆ 10 ಸೆಂಟ್ಸಿನ ಗುಡ್ಡೆಯಲ್ಲಿ. ಅಪ್ಪ ಈಗ ಇಲ್ಲ, ಅಮ್ಮನಿಗೆ 74. ಮೊನ್ನೆ ಕೋರ್ಟಿನ ಅಮೀನರು ಸರ್ವೆಯರರ ಜೊತೆ ಬಂದು, ಒಂದು ಎಕ್ರೆ 20 ಸೆಂಟ್ಸ್ ಜಾಗದ ಕೈವಶ ಕೊಡಿಸಲಿಕ್ಕೆ ವಾರಂಟ್ ಇದೆ, ನಿಮ್ಮ ಮನೆಯೂ ಅದರೊಳಗೆ ಬರುತ್ತದೆ ಎಂದರು. ವಿಚಾರಿಸಿದಾಗ ಗೊತ್ತಾದದ್ದು, ನಮಗೆ ಜಾಗ ಕೊಟ್ಟವರ ಮೇಲೆ ಅವರ ತಂಗಿ 2012ರಲ್ಲಿ ದಾವೆ ಹಾಕಿದ್ದರು. ಜಾಗ ಮೊದಲು ಅವರ ತಾಯಿಯ ಹೆಸರಿನಲ್ಲಿತ್ತು. ತಾಯಿ 2006ರಲ್ಲಿ ತೀರಿಹೋದರು. ಅವರು ಬರೆದಿಟ್ಟ ವೀಲುನಾಮೆಯ (ಉಯಿಲಿನ) ಪ್ರಕಾರ ಎಲ್ಲ ತಂಗಿಗೆ ಎಂದು 2019ರಲ್ಲಿ ತೀರ್ಪಾಗಿದೆ, ಅಪೀಲೂ ವಜಾ ಆಗಿದೆ. ನಮಗೆ ಒಂದು ನೋಟೀಸೂ ಬಂದದ್ದಿಲ್ಲ. ನೆರೆಕರೆಯವರು ಸೇರಿದ್ದರಿಂದ ಅಮೀನರು ಆ ದಿನ ವಾಪಸು ಹೋದರು. ಬೇರೆ ದಾವೆ ಹಾಕಿ ಸ್ಟೇ ತನ್ನಿ ಎಂದು ಒಬ್ಬರು, ಕುಡಿಕಿಡಪ್ಪು ಹಕ್ಕು (ಇನ್ನೊಬ್ಬರ ಜಾಗದ ಗುಡಿಸಲಲ್ಲಿ ವಾಸ ಇರುವವರ ಹಕ್ಕು) ಹೇಳಿ ಎಂದು ಇನ್ನೊಬ್ಬರು, ಮುಂದಿನ ಸಲ ಜನ ಸೇರಿಸಿ ಗೇಟಿನೊಳಗೇ ಬಿಡಬೇಡಿ ಎಂದು ಮತ್ತೊಬ್ಬರು ಹೇಳುತ್ತಿದ್ದಾರೆ. ನಾವು ಏನು ಮಾಡಬೇಕು?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಓದುತ್ತ ಅಂಚಿನಲ್ಲಿ ಪೆನ್ಸಿಲಿನಿಂದ ಬರೆದುಕೊಂಡದ್ದು ಮೂರೇ ಇಸವಿ: 2009, 2012, 2015. ನಿಮ್ಮ ಸಂಗತಿಯೆಲ್ಲ ಈ ಮೂರರ ನಡುವೆ ಇದೆ. ನೀವು ಒಂದೇ ಜಾಗ ಎಂದು ನೋಡುತ್ತಿರುವುದು ಕಾನೂನಿನ ಕಣ್ಣಿಗೆ ಎರಡು. 18 ಸೆಂಟ್ಸಿನ ಹಣೆಬರಹ ಬೇರೆ, 10 ಸೆಂಟ್ಸಿನದು ಬೇರೆ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಯಾಕೆಂದರೆ ಎರಡನ್ನೂ ಒಂದೇ ಅರ್ಜಿಯಲ್ಲಿ ಕಟ್ಟಿ ಕೋರ್ಟಿಗೆ ಹಾಕಿದರೆ ಗಟ್ಟಿಯಾದದ್ದನ್ನು ಸಡಿಲಾದದ್ದು ಎಳೆದುಕೊಂಡು ಹೋಗುತ್ತದೆ. ನಾನು ಕಂಡ ಹಾಗೆ ಇಂಥ ಪ್ರಕರಣಗಳು ಸೋಲುವುದು ಹೆಚ್ಚಾಗಿ ಹೀಗೆಯೇ.

ನಿಮಗೆ ಸಿಕ್ಕಿದ ಮೂರು ಸಲಹೆಗಳಲ್ಲಿ ಜನ ಸೇರಿಸುವುದನ್ನು ಈಗಲೇ ಬಿಡಿ. ಕೋರ್ಟಿನ ವಾರಂಟ್ ಹಿಡಿದು ಬಂದ ಅಮೀನರನ್ನು ಬಲದಿಂದ ತಡೆಯುವುದು ಅಪರಾಧ. ಮುಂದಿನ ಸಲ ಅವರು ಪೊಲೀಸ್ ರಕ್ಷಣೆಯ ಆರ್ಡರ್ ತೆಗೆದುಕೊಂಡೇ ಬರುತ್ತಾರೆ. ಅಮೀನರು ನಿಮ್ಮ ವೈರಿ ಅಲ್ಲ. ಅವರು ಬರೆಯುವ ರಿಪೋರ್ಟು ನಿಮ್ಮ ಪ್ರಕರಣದ ಮೊದಲ ದಾಖಲೆ. ‘ಜನ ಗಲಾಟೆ ಮಾಡಿದರು, ಕೈವಶ ಕೊಡಲಾಗಲಿಲ್ಲ’ ಎಂದು ಅವರು ಬರೆದರೆ ನಿಮಗೆ ಅದರಿಂದ ಏನೂ ಸಿಗಲಿಲ್ಲ. ‘ಜಾಗದ ಬಡಗು ಭಾಗದಲ್ಲಿ ತಾರಸಿ ಮನೆಯಿದೆ, ಇಂಥವರು ವಾಸವಾಗಿದ್ದಾರೆ, 2009ರ ರಿಜಿಸ್ಟರ್ ಆಧಾರ ತೋರಿಸಿ ಇದು ತಮ್ಮ ಸ್ವಂತ ಜಾಗ ಎಂದು ತಕರಾರು ಹೇಳಿದರು’ ಎಂದು ಬರೆದರೆ ಅರ್ಧ ಕೆಲಸ ಆದ ಹಾಗೆ. ಆದ್ದರಿಂದ ನಾಳೆಯೇ ವಕೀಲರ ಮೂಲಕ ಇ.ಪಿ. (ತೀರ್ಪು ಜಾರಿಗೆ ಗೆದ್ದವರು ಹಾಕಿದ ಅರ್ಜಿ) ನಂಬ್ರ ಹಿಡಿದು ಆ ರಿಪೋರ್ಟಿನ ನಕಲಿಗೆ ಅರ್ಜಿ ಹಾಕಿಸಿ. ಮತ್ತೆ ಅಮೀನರು ಬಂದರೆ ಕುರ್ಚಿ ಕೊಡಿ, ನೀರು ಕೊಡಿ, ತಕರಾರನ್ನು ಬರಹದಲ್ಲಿ ಕೊಟ್ಟು ಒಂದು ಪ್ರತಿಯ ಮೇಲೆ ಸಹಿ ತೆಗೆದುಕೊಳ್ಳಿ. ಅವರು ಬರೆದದ್ದನ್ನು ಓದದೆ, ಅಥವಾ ಅದು ಮಲಯಾಳದಲ್ಲಿದ್ದರೆ ಓದಿಸಿ ಕೇಳದೆ, ನೀವು ಸಹಿ ಹಾಕಬೇಡಿ.

ಎರಡನೆಯದು ಬೇರೆ ದಾವೆ. ಈ ಸಲಹೆ ಕೊಟ್ಟವರು ಹಿರಿಯರೇ ಇರಬೇಕು, ಯಾಕೆಂದರೆ ಒಂದು ಕಾಲದಲ್ಲಿ ಅದು ಸರಿಯಾಗಿಯೇ ಇತ್ತು. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ಮೊದಲು ಇದ್ದ ಕ್ರಮದಲ್ಲಿ ಡಿಕ್ರಿಯ, ಅಂದರೆ ದಾವೆ ತೀರಿದ ಮೇಲೆ ಕೋರ್ಟು ಕೊಟ್ಟ ಆದೇಶದ, ಜಾರಿಗೆ ಅಡ್ಡಬಂದವರ ಬಗ್ಗೆ ಕೋರ್ಟು ಮೇಲುಮೇಲಿನ ಒಂದು ವಿಚಾರಣೆ ಮಾಡುತ್ತಿತ್ತು. ಸೋತವರು ಒಂದು ವರ್ಷದೊಳಗೆ ಹೊಸ ದಾವೆ ಹಾಕಬೇಕಿತ್ತು. ಒಂದು ವ್ಯಾಜ್ಯ ಮುಗಿಸಲಿಕ್ಕೆ ಇನ್ನೊಂದು ವ್ಯಾಜ್ಯ! 1976ರ ತಿದ್ದುಪಡಿ ಇದನ್ನು ಬದಲಿಸಿತು. ಈಗ ಆ ಸಂಹಿತೆಯಲ್ಲಿ ಡಿಕ್ರಿ ಜಾರಿಯ ಭಾಗವಾದ ಆರ್ಡರ್ 21ರ ರೂಲ್ 101 ಹೇಳುವುದು ಇಷ್ಟು: ಜಾಗದ ಮೇಲಿನ ಹಕ್ಕು, ಒಡೆತನ, ಹಿತಾಸಕ್ತಿ ಯಾವುದೇ ಇರಲಿ, ಈ ಕಕ್ಷಿಗಳ ನಡುವೆ ಏಳುವ ಎಲ್ಲ ಪ್ರಶ್ನೆಯನ್ನೂ ಡಿಕ್ರಿ ಜಾರಿ ಮಾಡುವ ಕೋರ್ಟೇ ತೀರ್ಮಾನಿಸಬೇಕು, ಬೇರೆ ದಾವೆಯಲ್ಲಿ ಅಲ್ಲ. ಆ ತೀರ್ಮಾನಕ್ಕೆ ರೂಲ್ 103ರ ಪ್ರಕಾರ ಡಿಕ್ರಿಯದ್ದೇ ತೂಕ. ಅಪೀಲು ಹೋಗುವುದಿದ್ದರೆ ಅದರ ಮೇಲೆ ಹೋಗಬೇಕು. ಮುನ್ಸೀಫ್ ಕೋರ್ಟಿನ ಆರ್ಡರಾದರೆ ಅದಕ್ಕೆ 30 ದಿನದ ಅವಧಿ.

ಹಾಗಾಗಿ ನಿಮ್ಮ ಹೋರಾಟದ ಜಾಗ ಆ ತಂಗಿ ಹಾಕಿದ ಇ.ಪಿ.ಯೇ. ಅದರೊಳಗೆ ನೀವು ಒಂದು ಇ.ಎ., ಅಂದರೆ ಆ ಜಾರಿ ಪ್ರಕರಣದೊಳಗಿನ ಅರ್ಜಿ, ಹಾಕಬೇಕು.

‘ಅಡ್ಡಿಯ ಬಗ್ಗೆ ರೂಲ್ 97ರಲ್ಲಿ ಅರ್ಜಿ ಹಾಕುವ ಹಕ್ಕು ಡಿಕ್ರಿದಾರರಿಗೆ (ತೀರ್ಪು ಗೆದ್ದವರಿಗೆ) ಮಾತ್ರ, ನೀವು ಮೊದಲು ಮನೆ ಬಿಟ್ಟುಕೊಟ್ಟು ಆಮೇಲೆ ರೂಲ್ 99ರಲ್ಲಿ ಬನ್ನಿ’ ಎಂಬ ವಾದವನ್ನು ಎದುರು ವಕೀಲರು ಎತ್ತಬಹುದು. ರೂಲಿನ ಅಕ್ಷರ ಓದಿದರೆ ಹಾಗೆ ತೋರುವುದೂ ಹೌದು. ಸುಪ್ರೀಂ ಕೋರ್ಟು 1997ರಲ್ಲಿ ಬ್ರಹ್ಮದೇವ್ ಚೌಧರಿ ಪ್ರಕರಣದಲ್ಲಿ ಇದಕ್ಕೆ ಉತ್ತರ ಕೊಟ್ಟಿದೆ. ಜಾಗದಲ್ಲಿರುವ ಹೊರಗಿನವನು ತಕರಾರು ಹೇಳಿದ ಮೇಲೆ ಅವನನ್ನು ಮೊದಲು ಹೊರಗೆ ಹಾಕಿ ಆಮೇಲೆ ಅಹವಾಲು ಕೇಳುವ ಕ್ರಮ ಇಲ್ಲ, ತಕರಾರನ್ನು ತೀರ್ಮಾನಿಸಿಯೇ ಮುಂದೆ ಹೋಗಬೇಕು. ಮರುವರ್ಷ ಶ್ರೀನಾಥ್ ಪ್ರಕರಣದಲ್ಲೂ ಅದನ್ನೇ ಹೇಳಿದೆ. ಆದ್ದರಿಂದ ಅಮ್ಮನಿಗೆ ಧೈರ್ಯ ಹೇಳಿ. ಅರ್ಜಿ ಹೊತ್ತಿಗೆ ಸರಿಯಾಗಿ ಹೋದರೆ, ವಿಚಾರಣೆ ಆಗುವ ಮೊದಲು ಪಾತ್ರೆಪಗಡಿ ಅಂಗಳಕ್ಕೆ ಬೀಳುವುದಿಲ್ಲ.

ಹೊತ್ತಿಗೆ ಸರಿಯಾಗಿ ಎಂದೆ. ಇದರಲ್ಲಿ ಒಂದು ಅಪಾಯದ ಗುಂಡಿ ಇದೆ. ಹೇಗೋ ಕೈವಶ ಹೋಗಿಯೇಬಿಟ್ಟರೆ, ನೀವು ಮದುವೆಗೆಂದು ಪುತ್ತೂರಿಗೆ ಹೋಗಿದ್ದ ದಿನ ಬೀಗ ಒಡೆದು ಕೊಟ್ಟರು ಎಂದಿಟ್ಟುಕೊಳ್ಳಿ, ರೂಲ್ 99ರಲ್ಲಿ ಅರ್ಜಿ ಹಾಕಲು ಇರುವುದು ಕೈವಶ ಹೋದ ದಿನದಿಂದ 30 ದಿನ. ಬೇರೆ ಅರ್ಜಿಗಳು ತಡವಾದರೆ ‘ಹುಷಾರಿರಲಿಲ್ಲ, ಮಳೆ, ವಕೀಲರು ಸಿಗಲಿಲ್ಲ’ ಎಂದು ಲಿಮಿಟೇಶನ್ ಕಾಯ್ದೆಯ 5ನೇ ಸೆಕ್ಷನಿನಲ್ಲಿ ಮನ್ನಾ ಕೇಳಬಹುದು. ಆರ್ಡರ್ 21ರ ಅರ್ಜಿಗಳಿಗೆ ಆ ಸೆಕ್ಷನೇ ಅನ್ವಯಿಸುವುದಿಲ್ಲ. 31ನೇ ದಿನ ಬಂದವರನ್ನು ಕಂಡು ಕೋರ್ಟು ಮರುಗಬಹುದು, ಅರ್ಜಿ ತೆಗೆದುಕೊಳ್ಳಲಾರದು. ಅಡ್ಡಿಯಾದ ದಿನದಿಂದ ಡಿಕ್ರಿದಾರರಿಗೂ ರೂಲ್ 97ರಲ್ಲಿ 30 ದಿನವೇ. ಅವರು ಅದನ್ನು ತಪ್ಪಿಸಿಕೊಂಡರೆ ನಾವು ಗೆದ್ದೆವು ಎಂದುಕೊಳ್ಳಬೇಡಿ. ಡಿಕ್ರಿ ಜಾರಿಗೆ 12 ವರ್ಷದ ಅವಧಿ ಇದೆ, ಅದರೊಳಗೆ ಸಾಮಾನ್ಯವಾಗಿ ಹೊಸ ವಾರಂಟ್ ತೆಗೆದುಕೊಂಡು ಮತ್ತೆ ಬರುತ್ತಾರೆ.

ಇನ್ನು ಕುಡಿಕಿಡಪ್ಪು. ನಮ್ಮ ಜಿಲ್ಲೆಯಲ್ಲಿ ಅಮೀನರ ಜೀಪು ಕಂಡ ಕೂಡಲೆ ಹುಟ್ಟುವ ಹಕ್ಕು ಇದು. ಗೇಣಿಯ ಅಥವಾ ಕುಡಿಕಿಡಪ್ಪಿನ ಪ್ರಶ್ನೆ ಎದ್ದರೆ ಸಿವಿಲ್ ಕೋರ್ಟು ಅದನ್ನು ಲ್ಯಾಂಡ್ ಟ್ರಿಬ್ಯೂನಲಿಗೆ ಕಳಿಸಬೇಕೆಂದು ಕೇರಳ ಭೂಸುಧಾರಣಾ ಕಾಯ್ದೆಯ 125ನೇ ಸೆಕ್ಷನ್ ಹೇಳುತ್ತದೆ. ಕಡತ ಅಲ್ಲಿಗೆ ಹೋದರೆ ವರ್ಷಗಟ್ಟಲೆ ನಿದ್ರೆ ಮಾಡುತ್ತದೆ ಎಂಬುದೇ ಈ ಸಲಹೆಯ ಹಿಂದಿನ ಲೆಕ್ಕ. ಪ್ರಶ್ನೆ ನಿಜವಾಗಿ ಎದ್ದಿರಬೇಕು ಎಂಬುದನ್ನು ಸಲಹೆ ಕೊಡುವವರು ಮರೆಯುತ್ತಾರೆ. ಆ ಕಾಯ್ದೆ 1964ರ ಎಪ್ರಿಲ್ 1ರಿಂದ ಹೊಸ ಗೇಣಿಯನ್ನೇ ನಿಷೇಧಿಸಿದೆ. 2009ರಲ್ಲಿ ಹಣ ಕೊಟ್ಟು ಆಧಾರ ಮಾಡಿಸಿಕೊಂಡವರು ಕುಡಿಕಿಡಪ್ಪುಕಾರ ಆಗುವುದು ಹೇಗೆ? ಅದಕ್ಕಿಂತ ದೊಡ್ಡ ನಷ್ಟ ಬೇರೆ ಇದೆ. ಒಂದು ಬಾಯಲ್ಲಿ ‘ಜಾಗ ನಮ್ಮದು’ ಎಂದೂ ಇನ್ನೊಂದು ಬಾಯಲ್ಲಿ ‘ಜಾಗ ಅವರದ್ದು, ನಾವು ಗುಡಿಸಲಲ್ಲಿ ಇದ್ದವರು’ ಎಂದೂ ಹೇಳಿದವರ ಮೂರನೇ ಮಾತನ್ನು ಜಡ್ಜರು ನಂಬುವುದಿಲ್ಲ. ಹಳೆಯ ಮೂಲಗೇಣಿಯವರ (ಕಾಯಂ ಗೇಣಿದಾರರ), 1970ರ ಜನವರಿ 1ರಂದು ಜಮೀನ್ದಾರರ ಹಕ್ಕು ಸರಕಾರಕ್ಕೆ ಸೇರಿದ ಮೇಲೆ ಟ್ರಿಬ್ಯೂನಲಿನಿಂದ ಕ್ರಯ ಸರ್ಟಿಫಿಕೇಟ್ ಪಡೆದವರ ಮಾತು ಬೇರೆ. ಅಂಥ ಕಾಗದ ಕೈಯಲ್ಲಿದ್ದವರು ಡಿಕ್ರಿ ಜಾರಿಗೆ ಅಡ್ಡಬಂದರೆ ಅದು ಗಟ್ಟಿ ತಕರಾರು. ನೀವು ಆ ಸಾಲಿನವರಲ್ಲ.

ಈಗ 18 ಸೆಂಟ್ಸಿಗೆ ಬರೋಣ.

ಅಪ್ಪ ತೆಗೆದುಕೊಂಡದ್ದು 2009ರಲ್ಲಿ, ದಾವೆ ಹುಟ್ಟಿದ್ದು 2012ರಲ್ಲಿ. ದಾವೆ ಹಾಕುವ ಹೊತ್ತಿಗೆ ಆ ತುಂಡಿನಲ್ಲಿ ಮನೆ ಇತ್ತು, ನೀವು ವಾಸ ಇದ್ದಿರಿ, ಆಧಾರ ರಿಜಿಸ್ಟರ್ ಆಗಿತ್ತು, ಇ.ಸಿ. (ಜಾಗದ ಮೇಲಿನ ರಿಜಿಸ್ಟರ್ ವ್ಯವಹಾರಗಳ ಸರ್ಟಿಫಿಕೇಟು) ತೆಗೆದಿದ್ದರೆ ತಂಗಿಗೆ ಕಾಣುತ್ತಿತ್ತು. ಆದರೂ ನಿಮ್ಮ ಅಪ್ಪನನ್ನು ಕಕ್ಷಿ ಮಾಡಲಿಲ್ಲ. ದಾವೆಗೆ ಮೊದಲೇ ಜಾಗ ತೆಗೆದುಕೊಂಡವರನ್ನು, ಆಮೇಲೆ ಮಾರಿದವನ ಮೇಲೆ ಮಾತ್ರ ಆದ ಡಿಕ್ರಿ ಕಟ್ಟಿಹಾಕುವುದಿಲ್ಲ. ರೂಲ್ 35ರಲ್ಲಿ ಅಮೀನರಿಗೆ ಇರುವ ಅಧಿಕಾರವೂ ‘ಡಿಕ್ರಿಗೆ ಬದ್ಧರಾದವರನ್ನು’ ಹೊರಗೆ ಹಾಕುವುದಕ್ಕೆ ಮಾತ್ರ. ಇದು ನಿಮ್ಮ ಕೈಯಲ್ಲಿರುವ ದೊಡ್ಡ ಕಾಯಿ.

ಅದರಿಂದಲೇ ಆಟ ಮುಗಿಯುವುದಿಲ್ಲ. ‘ಡಿಕ್ರಿ ನಿಮಗೆ ಅನ್ವಯಿಸುವುದಿಲ್ಲ’ ಎಂದರೆ ‘ಜಾಗ ನಿಮ್ಮದು’ ಎಂದು ಅರ್ಥ ಅಲ್ಲ. ನಿಮಗೆ ಜಾಗ ಮಾರಿದ, ಆ ತಂಗಿಯ ಅಣ್ಣನಿಗೆ 2009ರಲ್ಲಿ ಮಾರುವ ಹಕ್ಕು ಇತ್ತೇ ಎಂಬ ಪ್ರಶ್ನೆ ನಿಮ್ಮ ಮತ್ತು ತಂಗಿಯ ನಡುವೆ ಹೊಸದಾಗಿ ಏಳುತ್ತದೆ, ಅಷ್ಟೇ. ಹೊಸದಾಗಿ ಎಂಬುದರಲ್ಲೇ ನಿಮ್ಮ ಲಾಭ ಇರುವುದು. ತಾಯಿಯ ವೀಲುನಾಮೆ ಸಾಚಾ ಎಂದು ಅಣ್ಣನ ಎದುರು ತೀರ್ಮಾನ ಆಗಿರಬಹುದು. ನಿಮ್ಮ ಎದುರು ಅದನ್ನು ತಂಗಿ ಮತ್ತೆ ರುಜುಮಾಡಬೇಕು. ವೀಲುನಾಮೆ ರಿಜಿಸ್ಟರ್ ಆಗಿದ್ದರೂ ಸಾಕ್ಷಿ ಹಾಕಿದವರಲ್ಲಿ ಒಬ್ಬರಾದರೂ ಬದುಕಿದ್ದು ಸಿಗುವಂತಿದ್ದರೆ ಅವರನ್ನು ಕೋರ್ಟಿಗೆ ತಂದು ಹೇಳಿಸಬೇಕು. ಅಣ್ಣ ಆ ದಾವೆಯನ್ನು ಹೇಗೆ ನಡೆಸಿದ್ದ? ಸಾಕ್ಷಿಯನ್ನು ಸರಿಯಾಗಿ ಪಾಟಿಸವಾಲು ಮಾಡಿದ್ದನೇ, ಅಥವಾ ನಾಲ್ಕು ಪ್ರಶ್ನೆ ಕೇಳಿ ಕೂತಿದ್ದನೇ? 2012ರ ದಾವೆಯ ಪೂರ್ತಿ ಕಡತದ ನಕಲು ತೆಗೆಸಿ ಎಂದು ನಾನು ಒತ್ತಿ ಹೇಳುವುದು ಇದಕ್ಕೆ. ಅಣ್ಣ ತನ್ನ ಉತ್ತರಪತ್ರದಲ್ಲಿ ‘18 ಸೆಂಟ್ಸನ್ನು ಇಂಥವರಿಗೆ ಮಾರಿದ್ದೇನೆ, ಅವರನ್ನು ಕಕ್ಷಿ ಮಾಡಿಲ್ಲ’ ಎಂದು ಬರೆದಿದ್ದರೆ ನಿಮ್ಮ ಅದೃಷ್ಟ. ಗೊತ್ತಿದ್ದೂ ಬಿಟ್ಟರು ಎಂದು ತೋರಿಸಲಿಕ್ಕೆ ಅದಕ್ಕಿಂತ ಬೇರೆ ಬೇಡ.

ವೀಲುನಾಮೆ ನಿಲ್ಲದೆ ಹೋದರೆ ತಾಯಿಯ ಜಾಗ ಮಕ್ಕಳಿಗೆ ಸಮಪಾಲು. ಇಬ್ಬರೇ ಇದ್ದರೆ ಒಂದು ಎಕ್ರೆ 20ರಲ್ಲಿ ಅಣ್ಣನ ಪಾಲು 60 ಸೆಂಟ್ಸ್. ಅವನು ಮಾರಿದ 18 ಸೆಂಟ್ಸನ್ನು ಅವನ ಪಾಲಿಗೇ ಬರುವಂತೆ ಕೇಳುವ ದಾರಿ ಆಗ ತೆರೆಯುತ್ತದೆ. ವೀಲುನಾಮೆ ನಿಂತರೆ? ಅಲ್ಲಿ ದಾರಿ ಕಿರಿದು. 2006ರಿಂದ ತೀರ್ವೆ (ಭೂಕಂದಾಯ), ತಂಡಪ್ಪೇರು (ವಿಲೇಜ್ ಆಫೀಸಿನ ಖಾತೆ) ಎಲ್ಲ ಅಣ್ಣನ ಹೆಸರಿಗೆ ಹೋಗಲು ತಂಗಿ ಬಾಯಿ ಮುಚ್ಚಿ ಬಿಟ್ಟಿದ್ದರೆ, ಅವನೇ ಒಡೆಯ ಎಂದು ನಂಬಿ ಅಪ್ಪ ತೆಗೆದುಕೊಂಡರು ಎಂಬ ವಾದ ಒಂದು. ಅದಕ್ಕೆ ತಂಗಿಯ ಒಪ್ಪಿಗೆಯನ್ನು, ಬಾಯಿಬಿಟ್ಟು ಹೇಳದಿದ್ದರೂ ನಡತೆಯಿಂದ ತಿಳಿಯುವ ಒಪ್ಪಿಗೆಯನ್ನು, ತೋರಿಸಬೇಕು. ಅಪ್ಪ ತಕ್ಕಷ್ಟು ವಿಚಾರಿಸಿಯೇ ತೆಗೆದುಕೊಂಡರು ಎಂಬುದನ್ನೂ ತೋರಿಸಬೇಕು. 2009ರಿಂದ 12 ವರ್ಷ ತಡೆಯಿಲ್ಲದೆ ಅನುಭವಿಸಿ 2021ಕ್ಕೆ ಹಕ್ಕು ಬಲಿತಿದೆ ಎಂಬುದು ಇನ್ನೊಂದು ವಾದ. ನಿಮ್ಮನ್ನು ಕಕ್ಷಿ ಮಾಡದ ದಾವೆ ಈ 12 ವರ್ಷದ ಓಟವನ್ನು ನಿಲ್ಲಿಸುವುದಿಲ್ಲ. ಪರ್ಯಾಯವಾಗಿ ಇದನ್ನು ಬರೆಯಿಸಬಹುದು, ಆದರೆ ಇದನ್ನೇ ಮುಂದಿಡಬೇಡಿ. ಎದುರು ಹಕ್ಕಿನ ಅನುಭವ ಎಂದರೆ ‘ಜಾಗ ನಿಮ್ಮದು, ನಿಮಗೆ ಗೊತ್ತಾಗುವಂತೆ ನಾವು ಕಸಿದುಕೊಂಡು ಕೂತೆವು’ ಎಂದ ಹಾಗೆ. ಕ್ರಯಕ್ಕೆ ತೆಗೆದುಕೊಂಡವರ ಬಾಯಲ್ಲಿ ಆ ಮಾತು ಸಲೀಸಾಗಿ ಬರುವುದಿಲ್ಲ, ಕೋರ್ಟುಗಳೂ ಸಲೀಸಾಗಿ ಒಪ್ಪುವುದಿಲ್ಲ.

ಇಷ್ಟೆಲ್ಲ ವಾದಕ್ಕೆ ಮೊದಲು ನೋಡಬೇಕಾದ ಒಂದು ಸಣ್ಣ ಸಂಗತಿ ಇದೆ. ನಿಮ್ಮ 18 ಸೆಂಟ್ಸ್ ನಿಜವಾಗಿ ಡಿಕ್ರಿಯ ಒಂದು ಎಕ್ರೆ 20ರೊಳಗೆ ಬೀಳುತ್ತದೆಯೇ? ನಗಬೇಡಿ. ಹಳೆಯ ಸರ್ವೆ ನಂಬ್ರ ಒಂದು, ರೀಸರ್ವೆ ನಂಬ್ರ ಇನ್ನೊಂದು, ದಾವೆಯ ಷೆಡ್ಯೂಲಿನಲ್ಲಿ, ಅಂದರೆ ಜಾಗದ ವಿವರದ ಪಟ್ಟಿಯಲ್ಲಿ, ಬರೆದದ್ದು ಮೂರನೆಯದು ಎಂಬ ಸ್ಥಿತಿ ನಮ್ಮಲ್ಲಿ ಸಾಮಾನ್ಯ. ಎಣ್ಮಕಜೆ ಕಡೆಯ ಒಂದು ಪ್ರಕರಣದಲ್ಲಿ ಷೆಡ್ಯೂಲಿನ ಪಡುಗಡಿ ‘ಹಲಸಿನ ಮರ, ಅದರಿಂದ ಅಗಳು’, ಅಂದರೆ ಕಂದಕ, ಎಂದಿತ್ತು. ಹಲಸಿನ ಮರ ಯಾವಾಗಲೋ ಬಾಗಿಲು, ದಾರಂದ ಆಗಿ ಹೋಗಿತ್ತು. ಜಾಗ ನೋಡಲು ಕೋರ್ಟು ನೇಮಿಸಿದ ಕಮಿಷನರರ ಜೊತೆ ನಾವೆಲ್ಲ ಮಧ್ಯಾಹ್ನದವರೆಗೆ ಕುರುಚಲು ಕಡಿಯುತ್ತ ಹುಡುಕಿದೆವು. ಕೊನೆಗೆ ತೋಟದ ಆಳೊಬ್ಬ ಒಣ ತರಗೆಲೆ ಸರಿಸಿ ಕಾಲು ಇಳಿಬಿಟ್ಟ. ಮೊಣಕಾಲಿನವರೆಗೆ ಇಳಿಯಿತು. ಅದೇ ಅಗಳು, ಹೂತುಹೋಗಿತ್ತು. ಅಳೆದು ನೋಡಿದರೆ ತಕರಾರುದಾರನ ಮನೆ ಗಡಿಯಿಂದ ಆಚೆ ಬಿತ್ತು. ಆರು ವರ್ಷ ಹಕ್ಕಿನ ಬಗ್ಗೆ ವಾದ ಮಾಡಿದ್ದೆವು, ಮುಗಿದದ್ದು ಒಂದು ಮಧ್ಯಾಹ್ನದಲ್ಲಿ. ಆದ್ದರಿಂದ ಇ.ಎ. ಜೊತೆಗೇ ಆರ್ಡರ್ 26ರ ರೂಲ್ 9ರಲ್ಲಿ ಅಡ್ವೊಕೇಟ್ ಕಮಿಷನರರನ್ನು ತಾಲೂಕು ಸರ್ವೆಯರರ ಸಹಾಯದೊಡನೆ ಕಳಿಸಲು ಕೇಳಿ. ಪ್ಲಾನಿನಲ್ಲಿ ನಿಮ್ಮ ಎರಡೂ ತುಂಡು ಬೇರೆಬೇರೆಯಾಗಿ ಕಾಣಬೇಕು, ಸುರಂಗದ ಬಾಯಿಯೂ ಕಾಣಬೇಕು.

ಕಾಗದಪತ್ರಗಳ ಮಾತು ಬಂದದ್ದಕ್ಕೆ ಇನ್ನೊಂದು. ಗಡಿಯಾಚೆಯ ನಿಮ್ಮ ನೆಂಟರು ‘ಪಹಣಿ ತೆಗೆಸು’ ಎನ್ನುತ್ತಾರೆ. ನಮ್ಮಲ್ಲಿ ಅದು ನಡೆಯುವುದಿಲ್ಲ. ನಿಮಗೆ ಬೇಕಾದದ್ದು ಅಸಲು ಆಧಾರ, ಅದರ ಹಿಂದಿನ ಆಧಾರಗಳು, 2009ರಿಂದ ಈಚಿನ ತೀರ್ವೆ ರಶೀದಿಗಳು, ವಿಲೇಜ್ ಆಫೀಸಿನ ಕೈವಶ ಸರ್ಟಿಫಿಕೇಟು, ಪಂಚಾಯತಿನ ಮನೆ ನಂಬ್ರ ಮತ್ತು ತೆರಿಗೆ ರಶೀದಿ, ಕರೆಂಟು ಕನೆಕ್ಷನ್ ಕೊಟ್ಟ ತಾರೀಕಿನ ದಾಖಲೆ. ರೇಷನ್ ಕಾರ್ಡು ವಾಸಕ್ಕೆ ಸಾಕ್ಷಿಯೇ ಹೊರತು ಹಕ್ಕಿಗಲ್ಲ. 1956ರ ಮೊದಲು ನಾವು ದಕ್ಷಿಣ ಕನ್ನಡ ಜಿಲ್ಲೆಯಲ್ಲೇ ಇದ್ದವರು, ಹಳೆಯ ಆಧಾರಗಳು ಹೆಚ್ಚಾಗಿ ಕನ್ನಡದಲ್ಲಿವೆ, ಕೆಲವು ಮೋಡಿ ಬರಹದಲ್ಲಿ. ತೆಂಕಣ ಜಿಲ್ಲೆಗಳಿಂದ ವರ್ಗವಾಗಿ ಬಂದ ಜಡ್ಜರಿಗೆ ಅದನ್ನು ಓದಿಕೊಳ್ಳಿ ಎನ್ನಲಾಗುತ್ತದೆಯೇ? ತಿಳಿದವರಿಂದ ತರ್ಜುಮೆ ಮಾಡಿಸಿ ಜೊತೆಗಿಡಿ. ‘ಕುಮ್ಕಿ’ಯನ್ನು (ಕೃಷಿ ಜಾಗಕ್ಕೆ ತಾಗಿದ, ಸವಲತ್ತಿನ ಸರಕಾರಿ ಜಾಗ) ‘ಕಾಡು’ ಎಂದೂ ‘ಬೈಲು’ (ಗದ್ದೆ ಜಾಗ) ಎಂಬುದನ್ನು ‘ಬಯಲು ಜಾಗ’ ಎಂದೂ ಮಾಡಿದ ತರ್ಜುಮೆಗಳನ್ನು ನಾನು ಕಂಡಿದ್ದೇನೆ. ಅವನ್ನು ತಿದ್ದಿಸಲಿಕ್ಕೆ ಪಟ್ಟ ಪಾಡು ಬೇಡ.

ಇನ್ನು 10 ಸೆಂಟ್ಸ್. ಇದರ ಬಗ್ಗೆ ನಿಮಗೆ ಹಿತವಾದದ್ದನ್ನು ಹೇಳಲು ನನಗೆ ಆಗುವುದಿಲ್ಲ. 2015ರಲ್ಲಿ ನೀವು ತೆಗೆದುಕೊಳ್ಳುವಾಗ ದಾವೆ ನಡೆಯುತ್ತಿತ್ತು. ಆಸ್ತಿ ವರ್ಗಾವಣೆ ಕಾಯ್ದೆಯ 52ನೇ ಸೆಕ್ಷನ್ ಪ್ರಕಾರ, ದಾವೆ ನಡೆಯುತ್ತಿರುವಾಗ ಅದೇ ಜಾಗವನ್ನು ಕೊಂಡವನು ದಾವೆಯ ಫಲಕ್ಕೆ ಬದ್ಧ. ದಾವೆ ದಾಖಲಾದ ದಿನದಿಂದ ಡಿಕ್ರಿ ಪೂರ್ತಿ ಜಾರಿಯಾಗುವವರೆಗೂ ಈ ನೆರಳು ಜಾಗದ ಮೇಲೆ ಇರುತ್ತದೆ. ಆರ್ಡರ್ 21ರ ರೂಲ್ 102 ಅದನ್ನೇ ಇನ್ನಷ್ಟು ಕಟುವಾಗಿ ಹೇಳುತ್ತದೆ: ದಾವೆ ಶುರುವಾದ ಮೇಲೆ ಸೋತವನಿಂದ ಕೊಂಡವನಿಗೆ ತಕರಾರಿನ ರಕ್ಷಣೆಯೇ ಇಲ್ಲ. ‘ನನಗೆ ಗೊತ್ತಿರಲಿಲ್ಲ, ಇ.ಸಿ.ಯಲ್ಲಿ ಏನೂ ಕಾಣಲಿಲ್ಲ’ ಎಂದು ನೀವು ಹೇಳುವುದು ನಿಜವೇ ಇರಬಹುದು. ಆಧಾರ ರಿಜಿಸ್ಟರ್ ಆಗುವುದು ಒಂದು ಆಫೀಸಿನಲ್ಲಿ, ದಾವೆ ದಾಖಲಾಗುವುದು ಇನ್ನೊಂದರಲ್ಲಿ, ಎರಡಕ್ಕೂ ಮಾತುಕತೆ ಇಲ್ಲ. ಇದು ಅನ್ಯಾಯ ಎಂದು ನನಗೂ ಅನ್ನಿಸುತ್ತದೆ. ಆದರೆ ಒಳ್ಳೆಯ ನಂಬಿಕೆ ಇಲ್ಲಿ ಉತ್ತರ ಅಲ್ಲ. 1998ರ ಸಿಲ್ವರ್‌ಲೈನ್ ಫೋರಂ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದಂತೆ, ಇಂಥವನ ಅರ್ಜಿ ಬಂದರೆ ಕೋರ್ಟು ನೋಡಬೇಕಾದದ್ದು ‘ಇವನು ದಾವೆಯ ನಡುವೆ ಕೊಂಡವನೇ’ ಎಂಬ ಒಂದೇ ಪ್ರಶ್ನೆಯನ್ನು. ನಿಮ್ಮ ಆಧಾರದ ತಾರೀಕೇ ಅದಕ್ಕೆ ಉತ್ತರ ಹೇಳಿಬಿಡುತ್ತದೆ, ಸಾಕ್ಷಿ ವಿಚಾರಣೆಯೂ ಬೇಕಾಗದು.

ಅಣ್ಣತಂಗಿ ಒಳಗೊಳಗೆ ಸೇರಿ ನಿಮ್ಮನ್ನು ಎಬ್ಬಿಸಲು ಆಡಿದ ಆಟ ಎಂದು ತೋರಿಸಲು ಸಾಧ್ಯವಾದರೆ 52ನೇ ಸೆಕ್ಷನ್ ನಿಲ್ಲುವುದಿಲ್ಲ. ಅಪೀಲಿನವರೆಗೂ ಹೊಡೆದಾಡಿದವರ ಬಗ್ಗೆ ಹಾಗೆನ್ನುವುದು ಕಷ್ಟ. ಸುಮ್ಮನೆ ಬರೆಯಬೇಡಿ. ಕಾರಣವಿಲ್ಲದೆ ಅಡ್ಡಿ ಮಾಡುತ್ತಲೇ ಇದ್ದರೆ ರೂಲ್ 98ರಲ್ಲಿ 30 ದಿನದವರೆಗೆ ಸಿವಿಲ್ ಜೈಲಿಗೆ ಹಾಕುವ ಅಧಿಕಾರವೂ ಕೋರ್ಟಿಗೆ ಇದೆ. ಸುಳ್ಳು ತಕರಾರಿಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 35-ಎ ಸೆಕ್ಷನಿನ ಪರಿಹಾರ ಖರ್ಚು ಹೆಚ್ಚೆಂದರೆ 3000 ರೂಪಾಯಿ. ತೋಟಕ್ಕೆ ಒಂದು ಸಲ ಮದ್ದು ಬಿಡಿಸಲಿಕ್ಕೂ ಸಾಲದು. ಅದರ ಹೆದರಿಕೆ ಯಾರಿಗೂ ಇಲ್ಲ ಎಂಬುದೇ ಈ ತಕರಾರುಗಳು ಇಷ್ಟು ಬೆಳೆದಿರಲು ಒಂದು ಕಾರಣ ಎಂದು ನನ್ನ ಎಣಿಕೆ.

10 ಸೆಂಟ್ಸಿನ ಹಣವನ್ನು ನೀವು ಕೇಳಬೇಕಾದದ್ದು ಅಣ್ಣನ ಹತ್ತಿರ. ಮಾರಿದವನು ತನಗೆ ಹಕ್ಕಿದೆ ಎಂದು ಭರವಸೆ ಕೊಟ್ಟ ಹಾಗೆ ಎಂದೇ ಕಾನೂನು ತಿಳಿಯುತ್ತದೆ. ನಷ್ಟವಾದರೆ ತುಂಬಿಕೊಡುತ್ತೇನೆ ಎಂಬ ಸಾಲು ನಿಮ್ಮ ಆಧಾರದಲ್ಲೂ ಇರುತ್ತದೆ, ತೆಗೆದು ಓದಿ. ಅವನ ಹೆಸರಿನಲ್ಲಿ ಬೇರೆ ಆಸ್ತಿ ಉಳಿದಿರುವಾಗಲೇ ನೋಟೀಸ್ ಕಳಿಸಿ, ಎಲ್ಲ ಮಕ್ಕಳ ಹೆಸರಿಗೆ ಹೋದ ಮೇಲೆ ಅಲ್ಲ. ಅಲ್ಲಿ ನೀವು ಹಾಕಿದ ಅಡಿಕೆ ಗಿಡ, ಕಟ್ಟಿದ ಗೋಡೆ ಇವುಗಳ ಬೆಲೆಗೆ ಕೇರಳದ 1958ರ ಸುಧಾರಣೆಗಳ ಪರಿಹಾರ ಕಾಯ್ದೆಯಲ್ಲಿ ಕೇಳಬಹುದು. ಅದರಲ್ಲಿ ‘ಗೇಣಿದಾರ’ ಎಂಬ ಶಬ್ದಕ್ಕೆ ವಿಶಾಲ ಅರ್ಥ ಇದೆ, ಹಕ್ಕಿದೆ ಎಂಬ ಪ್ರಾಮಾಣಿಕ ನಂಬಿಕೆಯಿಂದ ಸುಧಾರಣೆ ಮಾಡಿದವನೂ ಅದರೊಳಗೆ ಬರುತ್ತಾನೆ. ದಾವೆಯ ನಡುವೆ ಕೊಂಡವನ ಪ್ರಾಮಾಣಿಕತೆಯನ್ನು ಕೋರ್ಟು ಒಪ್ಪುವುದು ಅನುಮಾನ. ಆದರೆ 18 ಸೆಂಟ್ಸಿನ ಮನೆಯ ಮಟ್ಟಿಗೆ, ಅಲ್ಲಿಯೂ ಸೋತರೆ, ಇದೇ ನಿಮ್ಮ ಕೊನೆಯ ಆಸರೆ. ಪರಿಹಾರ ಕೊಡುವವರೆಗೆ ಎಬ್ಬಿಸಬಾರದು ಎಂದು ಕೇಳುವ ಹಕ್ಕು ಅದರಲ್ಲಿದೆ. ಅರ್ಜಿಯಲ್ಲಿ ಮೊದಲೇ ಬರೆಯಿಸಿ.

ಇ.ಎ. ಎರಡು ಇರಲಿ. 18 ಸೆಂಟ್ಸಿನದ್ದಕ್ಕೆ ಅಪ್ಪನ ವಾರಸುದಾರರೆಲ್ಲ, ಅಂದರೆ ಅಮ್ಮ, ನೀವು, ಮದುವೆಯಾಗಿ ಹೋದ ಅಕ್ಕತಂಗಿಯರಿದ್ದರೆ ಅವರೂ ಸಹಿ ಹಾಕಬೇಕು. 10 ಸೆಂಟ್ಸಿನದ್ದು ನಿಮ್ಮೊಬ್ಬರದು.

ತೀರ್ಪು ಗೆದ್ದವರೂ ನನಗೆ ಬರೆಯುವುದುಂಟು: ‘ಪ್ರತಿ ಸಲ ಅಮೀನರು ಹೋದಾಗ ಹೊಸಬರೊಬ್ಬರು ಬಂದು ನಿಲ್ಲುತ್ತಾರೆ, ಒಮ್ಮೆ ಹೆಂಡತಿ, ಒಮ್ಮೆ ಭಾವ, ಒಮ್ಮೆ ಯಾರೋ ಗೇಣಿದಾರ.’ ಡಿಕ್ರಿ ಸಿಕ್ಕಿದ ಮೇಲೆಯೇ ಭಾರತದ ಕಕ್ಷಿದಾರನ ಕಷ್ಟ ಶುರುವಾಗುವುದು ಎಂದು ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಲ್ಲೇ ಹೇಳಿತ್ತು. ಸೋತವನ ಮೂಲಕ ಹಕ್ಕು ಹೇಳುವವರು ಡಿಕ್ರಿಗೆ ಬದ್ಧರು, ಅವರಿಗಾಗಿ ಉದ್ದ ವಿಚಾರಣೆ ಬೇಕಿಲ್ಲ. ಬೆಂಗಳೂರಿನ ಜಾಗವೊಂದರ ವ್ಯಾಜ್ಯದಿಂದ ಎದ್ದ ರಾಹುಲ್ ಷಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2021ರಲ್ಲಿ, ಇ.ಪಿ. ದಾಖಲಾದ ಆರು ತಿಂಗಳಲ್ಲಿ ಮುಗಿಯಬೇಕು, ತಡವಾದರೆ ಕಾರಣ ಬರೆದಿಡಬೇಕು ಎಂದಿತು. 2025ರ ಮಾರ್ಚಿನಲ್ಲಿ ಪೆರಿಯಮ್ಮಾಳ್ ಪ್ರಕರಣದಲ್ಲಿ, ಬಾಕಿ ಇರುವ ಇ.ಪಿ.ಗಳ ಲೆಕ್ಕ ತೆಗೆದು ಆರು ತಿಂಗಳಲ್ಲಿ ಮುಗಿಸುವಂತೆ ಕೆಳಗಿನ ಕೋರ್ಟುಗಳಿಗೆ ಹೇಳಿ ಎಂದು ಹೈಕೋರ್ಟುಗಳಿಗೆ ಸೂಚಿಸಿತು. ಇದು ನಿಮಗೂ ಸಂಬಂಧಿಸಿದ್ದೇ. ಕೋರ್ಟಿಗೆ ಈಗ ಅವಸರ ಇದೆ. ವಾಯಿದೆ ಮೇಲೆ ವಾಯಿದೆ ಕೇಳಿ ಎಳೆಯಬಹುದು ಎಂಬ ಲೆಕ್ಕದಲ್ಲಿ ಇರಬೇಡಿ. ಸಾಕ್ಷಿಗಳನ್ನು ಈಗಲೇ ಗೊತ್ತುಮಾಡಿಕೊಳ್ಳಿ: 2009ರ ಆಧಾರಕ್ಕೆ ಸಾಕ್ಷಿ ಹಾಕಿದವರು, ಮನೆ ಕಟ್ಟಿದ ಮೇಸ್ತ್ರಿ, ಮುರಕಲ್ಲು ಇಳಿಸಿದ ಲಾರಿಯವರು. ನಮ್ಮಲ್ಲಿ ಸಾಕ್ಷಿಗಳು ಸಾಯುವುದು ಕೋರ್ಟಿನ ತಾರೀಕಿಗಿಂತ ಬೇಗ.

ಕೊನೆಗೆ ಸುರಂಗ. ನೀವು ಪತ್ರದಲ್ಲಿ ಒಂದೇ ಸಾಲಿನಲ್ಲಿ ಹೇಳಿ ಮುಗಿಸಿದ್ದೀರಿ, ನನಗೆ ಮನಸ್ಸು ಅಲ್ಲೇ ಸಿಕ್ಕಿಕೊಂಡಿತು. 2009ರಿಂದ 2015ರವರೆಗೆ, 10 ಸೆಂಟ್ಸ್ ಇನ್ನೂ ಅಣ್ಣನದ್ದಾಗಿದ್ದಾಗ, ನಿಮ್ಮ ಮನೆಗೆ ನೀರು ಎಲ್ಲಿಂದ ಬರುತ್ತಿತ್ತು? ಅದೇ ಸುರಂಗದಿಂದಲೇ ಇರಬೇಕು. ಹಾಗಾದರೆ 2009ರ ಆಧಾರದ ಕೊನೆಯ ಪುಟ ತೆಗೆದು ನೋಡಿ. ನಮ್ಮ ಕಡೆಯ ಆಧಾರ ಬರಹಗಾರರು ‘ಸದ್ರಿ ಸ್ಥಳಕ್ಕೆ ನೀರು, ದಾರಿ ಸಂಬಂಧ ಮಾಮೂಲು ಹಕ್ಕುಗಳು ಸೇರಿ’ ಎಂಬ ಅರ್ಥದ ಒಂದು ಸಾಲನ್ನು ಗಡಿ ಬರೆದಾದ ಮೇಲೆ ಸೇರಿಸುವ ರೂಢಿ ಇದೆ. ಅದರಲ್ಲಿ ಸುರಂಗದ ನೀರಿನ ಮಾತು ಇದ್ದರೆ ಆ ಹಕ್ಕು ಹುಟ್ಟಿದ್ದು 2009ರಲ್ಲಿ, ದಾವೆಗೆ ಮೊದಲು. ಅದು 18 ಸೆಂಟ್ಸಿಗೆ ಅಂಟಿಕೊಂಡ ಹಕ್ಕು. 18 ಸೆಂಟ್ಸ್ ನಿಮಗೆ ಉಳಿದರೆ, 10 ಸೆಂಟ್ಸಿನ ಮಣ್ಣು ಹೋದರೂ, ಪೈಪು ಎಳೆದು ನೀರು ತರುವ ಹಕ್ಕು ಉಳಿಯಿತೇ ಎಂಬುದನ್ನೂ ರೂಲ್ 101ರಲ್ಲಿ ಅದೇ ಕೋರ್ಟು ತೀರ್ಮಾನಿಸಬೇಕಾಗುತ್ತದೆ. ಹಾಗಾಗಿ ಇದನ್ನು 10 ಸೆಂಟ್ಸಿನ ಅರ್ಜಿಯಲ್ಲಿ ಅಲ್ಲ, ಅಮ್ಮನ ಹೆಸರು ಮೊದಲಿರುವ 18 ಸೆಂಟ್ಸಿನ ಅರ್ಜಿಯಲ್ಲಿ ಬರೆಯಿಸಿ. ವಕೀಲರ ಹತ್ತಿರ ಹೋಗುವಾಗ ಆ ಅಸಲು ಆಧಾರವನ್ನೇ ತೆಗೆದುಕೊಂಡು ಹೋಗಿ. ಜೆರಾಕ್ಸಿನಲ್ಲಿ ಕೊನೆಯ ಪುಟದ ಅಂಚು ಎಷ್ಟೋ ಸಲ ಕತ್ತರಿಸಿ ಹೋಗಿರುತ್ತದೆ.